ವಿಲೇವಾರಿ ಎಂದರೆ ಕೊಟ್ಟಂತೆಯೋ, ಎಸೆದಂತೆಯೋ?

ಮಾನ್ಯ ದಾಖಲೆ ಅಧಿಕಾರಿಗಳೇ,

ನಿನ್ನೆ ಮತ್ತೆ ಅದೇ ಕೆಟ್ಟ ಕನಸು. ಮನೆಯ ಹಿಂದಿನ ಗೋಡೆ ನಮ್ಮತ್ತೆಯ ಮಂಚದ ಮೇಲೆ ಕುಸಿಯುತ್ತಿದೆ, ನಾನು ಎರಡೂ ಕೈ ಕೊಟ್ಟು ತಡೆದು ನಿಂತಿದ್ದೇನೆ, ನಿಮ್ಮ ಗುಮಾಸ್ತರು ಪಕ್ಕದಲ್ಲೇ ನಿಂತು "ಇಲ್ಲೊಂದು ಸಹಿ ಹಾಕಮ್ಮ" ಅನ್ನುತ್ತಿದ್ದಾರೆ. ಕನಸಿನಲ್ಲೂ ನಿಮ್ಮ ಕಚೇರಿಯ ಕೆಲಸ ಆಗಲಿಲ್ಲ.

ಎಚ್ಚರದಲ್ಲಿ ಆಗಿರುವುದು ಇಷ್ಟು. ಮನೆ ತೀರಿಹೋದ ನನ್ನ ಗಂಡನ ಹೆಸರಲ್ಲಿದೆ. ಅದನ್ನು ನನ್ನ ಹೆಸರಿಗೆ ಬದಲಾಯಿಸಿ ಎಂದು ಅರ್ಜಿ ಕೊಟ್ಟು ಮೂರು ವರ್ಷವಾಯಿತು. ದಾಖಲೆ ಬದಲಾಗದೆ ಗೋಡೆ ಕೆಡವಿ ಕಟ್ಟಲು ಅನುಮತಿ ಇಲ್ಲವಂತೆ. ಈ ನಿಯಮ ಗೋಡೆಗೆ ಗೊತ್ತಿಲ್ಲ. ಅದು ದಿನೇ ದಿನೇ ಹೊಟ್ಟೆ ಮುಂದೆ ಮಾಡುತ್ತಿದೆ. ಮಂಚವನ್ನು ಎಷ್ಟು ಸರಿಸಿದರೂ ನಾಲ್ಕು ಅಡಿ ದಾಟುವುದಿಲ್ಲ, ಇರುವುದೇ ಒಂದು ಕೋಣೆ.

ಕೊನೆಗೆ ನ್ಯಾಯಾಲಯಕ್ಕೆ ಹೋದೆ. "ಆರು ವಾರದೊಳಗೆ ಅರ್ಜಿಯನ್ನು ವಿಲೇವಾರಿ ಮಾಡಿ" ಎಂದು ನಿಮಗೆ ಆದೇಶವಾಯಿತು. ನಾನು ಆರನೇ ತರಗತಿ ಅರ್ಧಕ್ಕೆ ಬಿಟ್ಟವಳು. ಆ ಪದವನ್ನು ಕಸದ ಲಾರಿಯ ಮೇಲೆ ಮಾತ್ರ ಓದಿದ್ದೆ. ಅರ್ಜಿಯನ್ನು ಎಸೆಯಲು ಹೇಳಿದರಾ ಎಂದು ವಕೀಲರನ್ನು ಕೇಳಿದೆ. "ಹೆದರಬೇಡಿ, ವಿಲೇವಾರಿ ಅಂದ್ರೆ ತೀರ್ಮಾನ" ಅಂದರು ವಕೀಲರು. ಅವರು ಓದಿದವರು, ಅದಕ್ಕೇ ಮೋಸ ಹೋದರು.

ಆರನೇ ವಾರದ ಕೊನೆಯ ದಿನ ನಿಮ್ಮ ಉತ್ತರ ಬಂತು: "ನ್ಯಾಯಾಲಯದ ಆದೇಶದಂತೆ ಅರ್ಜಿಯನ್ನು ವಿಲೇವಾರಿ ಮಾಡಲಾಗಿದೆ." ಕೈಯಲ್ಲಿದ್ದ ಹೊಲಿಗೆ ಬಿಟ್ಟು ಗುಮಾಸ್ತರ ಬಳಿ ಓಡಿದೆ.

"ಹೆಸರು ಬದಲಾಯ್ತಾ ಸಾರ್?"

"ಇಲ್ಲಮ್ಮ."

"ಹಾಗಾದ್ರೆ ಆಗಲ್ಲ ಅಂದ್ರಾ?"

"ಹಾಗೂ ಬರೆದಿಲ್ವಲ್ಲ."

"ಮತ್ತೇನು ಮಾಡಿದ್ರಿ?"

"ವಿಲೇವಾರಿ! ಎಷ್ಟು ಸಲ ಹೇಳೋದು? ಕಡತ ಗೋದಾಮಿಗೆ ಹೋಯ್ತು. ಕೋರ್ಟು ಹೇಳಿದ್ದನ್ನೇ ಮಾಡಿದೀವಿ ತಾನೇ?"

ಸ್ವಾಮಿ, ನಾನು ಬಟ್ಟೆ ಹೊಲಿದು ಬದುಕುವವಳು. ಶುಕ್ರವಾರಕ್ಕೆ ಅಂಗಿ ಮುಗಿಸಿ ಎಂದವರ ಬಟ್ಟೆಯನ್ನು ಅಟ್ಟಕ್ಕೆಸೆದು "ಮುಗಿಯಿತು" ಅಂದರೆ ನನ್ನನ್ನು ಸುಮ್ಮನೆ ಬಿಡುತ್ತಾರೆಯೇ? ಆಗುವುದಿಲ್ಲ ಎಂದು ನೀವು ಬರೆದಿದ್ದರೆ ಕಾರಣ ಕೊಡಬೇಕಿತ್ತು. ಕಾರಣ ಕೊಟ್ಟಿದ್ದರೆ ನಾನು ಮೇಲಿನವರ ಮುಂದೆ ಅದು ತಪ್ಪೆಂದು ಅಳುವುದಕ್ಕಾದರೂ ದಾರಿ ಇರುತ್ತಿತ್ತು. ಆ ದಾರಿಗೂ ಅಡ್ಡ ಕಲ್ಲಿಟ್ಟಿರಿ. "ಕೊಡೋಕೆ ಮನಸ್ಸಿಲ್ಲದೋರು ಇಲ್ಲ ಅನ್ನೋಕೂ ಜಿಪುಣತನ ಮಾಡ್ತಾರೆ ಕಣೇ" ಅಂದರು ಅತ್ತೆ, ಮಂಚದ ಮೇಲಿಂದಲೇ. ನನ್ನ ಮಾತು ನಿಮಗೆ ಒರಟೆನಿಸೀತೇನೋ, ಅದಕ್ಕೂ ಹೆದರಿಕೆಯೇ. ಆದರೂ ಈ ಪತ್ರವನ್ನು ಪತ್ರಿಕೆಗೆ ಕೊಡುತ್ತಿದ್ದೇನೆ. ನಿಮಗೆ ನೇರವಾಗಿ ಬರೆದರೆ ಇದೂ ಗೋದಾಮು ಸೇರೀತು.

ಕಡತ ಹೊರಗೆ ತೆಗೆಸಿ. "ಹೌದು" ಅಥವಾ "ಇಲ್ಲ", ಎರಡರಲ್ಲೊಂದು ಬರೆಯಿರಿ. "ಇಲ್ಲ" ಎಂದಾದರೆ ಯಾಕೆಂದೂ ಬರೆಯಿರಿ. ಇಷ್ಟನ್ನು ಈ ವಾರವೇ ಮಾಡಿ.

ಇಂತಿ,
ಅರ್ಜಿಯ ಜೊತೆ ತಾನೂ ವಿಲೇವಾರಿಯಾದೆನೇನೋ ಎಂದು ಹೆದರಿ ಕೂತಿರುವ ಹೊಲಿಗೆಯವಳು

ಮರೆತ ಮಾತು: ನಿಮ್ಮ ಉತ್ತರದ ಅಡಿಯಲ್ಲಿ ಸಣ್ಣಕ್ಷರದಲ್ಲಿ "ಸ್ಥಳ ಪರಿಶೀಲಿಸಲಾಗಿದೆ, ಮನೆಯಲ್ಲಿ ಯಾರೂ ವಾಸವಿಲ್ಲ" ಎಂದಿದೆ. ನಿಮ್ಮವರು ನಾನು ನೂಲು ತರಲು ಹೋದಾಗ ಬಂದಿರಬೇಕು. ಅತ್ತೆಗೆ ಕಿವಿ ಮಂದ, ಏಳುವುದಕ್ಕೂ ಆಗದು. ಅದೊಂದು ಸಾಲು ನಿಜವೇ ಎಂದು ದಯವಿಟ್ಟು ಇನ್ನೊಮ್ಮೆ ಬಂದು ನೋಡಿ. ಮುಂಬಾಗಿಲನ್ನು ಜೋರಾಗಿಯೇ ತಟ್ಟಿ. ಹಿಂಬಾಗಿಲು ಮಾತ್ರ ಮುಟ್ಟಬೇಡಿ, ಗೋಡೆ ಆ ಕಡೆಗಿದೆ.