ಹೊಟ್ಟಿನ ಕೊನೆಯ ನಿಮಿಷ

ಸ್ಟೇಶನ್ ಬಜಾರ, ಕಲಬುರಗಿ
9 ನವೆಂಬರ್ 2025

ಪ್ರೀತಿಯ ಕಾಮ್ರಾನ್,

ಸಲಾಂ. ಅಮ್ಮಿಯ ಮೊಣಕಾಲು ನೋವು ಈಗ ಕಡಿಮೆಯಾಗಿದೆ ಎಂದು ಅಫ್ಶೀನ್ ಹೇಳಿದಳು, ಕೇಳಿ ಸಮಾಧಾನವಾಯಿತು. ನಿನ್ನ ಕಾರ್ಡು ಮಾರ್ಚ್ ತಿಂಗಳಲ್ಲೇ ಕೈಸೇರಿತ್ತು. ಉತ್ತರ ಬರೆಯಲು ಎಂಟು ತಿಂಗಳು ತೆಗೆದುಕೊಂಡೆ, ಕ್ಷಮಿಸು. ನಿನ್ನ ಕಮಲಾಪುರ ಇಲ್ಲಿಂದ ಬಸ್ಸಿನಲ್ಲಿ ಒಂದು ತಾಸಿನ ದಾರಿ. ಎರಡು ಸಲ ನಿಲ್ದಾಣದವರೆಗೆ ಹೋಗಿ ಹಿಂದಿರುಗಿದ್ದೇನೆ. ಇದು ಫೋನಿನಲ್ಲಿ ಹೇಳುವ ಮಾತಲ್ಲ. ಎದುರು ಕುಳಿತು ಹೇಳಲು ಧೈರ್ಯವಿಲ್ಲ.

ಮೊದಲು ಸುದ್ದಿ. ನಿನ್ನ ತಂಗಿ ಅಫ್ಶೀನ್ ಹೋದ ವಾರ ಬಂದಿದ್ದಳು. ಅವಳ ಕಾಲೇಜಿನ ವಿದ್ಯಾರ್ಥಿಗಳಿಗೆ ನಮ್ಮ ಸಂಗೀತದ ಲೇಬಲ್ ‘ಹೊಟ್ಟು ರೆಕಾರ್ಡ್ಸ್’ನ ಚರಿತ್ರೆ ಹೇಳಬೇಕಂತೆ. “ನೀಲಕಂಠಣ್ಣಾ, ಸುರುದಿಂದ ಬರದು ಕೊಡ್ರಿ. ನಮ್ಮಣ್ಣನ್ನ ಕೇಳಿದ್ರ ‘ಹೊಟ್ಟಿಗೇನ್ ಚರಿತ್ರಾ ಇರ್ತದ’ ಅಂತಾನ” ಎಂದಳು. ಒಪ್ಪಿಕೊಂಡು ಹೀಗೆ ಬರೆಯಲು ಕುಳಿತೆ:

2014ರಲ್ಲಿ, ಸಾವಿತ್ರಿಬಾಯಿಯವರ ಲಾಡ್ಜಿನ ಮಾಳಿಗೆಯ ಮೇಲಿನ ಕೋಣೆಯಲ್ಲಿ, ಒಂದು ಹಳೆಯ ಕಂಪ್ಯೂಟರ್ ಮತ್ತು ಒಂದು ಸಿಂಥಸೈಜರ್ ಇಟ್ಟುಕೊಂಡು ಇಬ್ಬರು ಗೆಳೆಯರು ಲೇಬಲ್ ಶುರು ಮಾಡಿದರು. ಊರಿನ ಯಂತ್ರಗಳ ಸದ್ದಿನಿಂದಲೇ ಎಲೆಕ್ಟ್ರಾನಿಕ್ ಸಂಗೀತ ಮಾಡಬೇಕು ಎಂಬುದು ಅವರ ಹುಚ್ಚು. ಮೊದಲ ಕ್ಯಾಸೆಟ್ಟಿಗೆ ನಂದೂರಿನ ಬೇಳೆ ಗಿರಣಿಯೊಂದಕ್ಕೆ ಹೋದರು. ಅಲ್ಲಿ ಒಬ್ಬನ ತಂದೆ ಲಾಲ್ ಅಹ್ಮದ್ ಮಿಸ್ತ್ರಿಯಾಗಿದ್ದರು.

ಇಷ್ಟು ಬರೆದಾಗ ನಿನ್ನ ಅಬ್ಬಾ ಕಣ್ಣಮುಂದೆ ಬಂದರು. ಮೂರು ದಿನ ಮೈಕು ಹಿಡಿದು ಅಲೆದ ನಮ್ಮನ್ನು ನೋಡಿ ಹಮಾಲರ ಎದುರಿಗೇ ಅಂದರಲ್ಲ: “ಮಂದಿ ಬ್ಯಾಳಿ ಒಯ್ಯಾಕ ಬರ್ತಾರ. ಈ ಶಾಣ್ಯಾರು ಸಪ್ಪಳ ತುಂಬ್ಕೊಂಡು ಹೊಂಟಾರ. ಹೊಟ್ಟರೆ ಒಯ್ರೋ, ಎಮ್ಮಿಯಾದ್ರೂ ತಿಂತದ!” ಹೀಗೆ ಹೊಟ್ಟು ರೆಕಾರ್ಡ್ಸ್‌ಗೆ ಹೆಸರು ಸಿಕ್ಕಿತು.

ನಮ್ಮ ನಿಯಮವನ್ನೂ ಬರೆದಿದ್ದೇನೆ. ಹಾಡುಗಳಲ್ಲಿ ಮನುಷ್ಯರ ದನಿ ಇರಬಾರದು, ಯಂತ್ರ ಮಾತ್ರ. ಆದರೆ ಕತ್ತರಿಸಿ ತೆಗೆದ ಕೆಮ್ಮು, ಮಾತು, ಲಾರಿಯ ಹಾರ್ನ್ ಯಾವುದನ್ನೂ ಎಸೆಯಬಾರದು. ಎಲ್ಲವನ್ನೂ ಜೋಡಿಸಿ ಪ್ರತಿ ಕ್ಯಾಸೆಟ್ಟಿನ ಕೊನೆಗೆ ಒಂದು ನಿಮಿಷ ಇಡಬೇಕು. ‘ಹೊಟ್ಟಿನ ನಿಮಿಷ’ ನಿನ್ನ ಕಲ್ಪನೆ, ಗಡಿಯಾರ ನನ್ನದು. ಮೊದಲ ಸಲ ನಾನು ಅದನ್ನು ಸರಿಯಾಗಿ ಅರವತ್ತು ಸೆಕೆಂಡಿಗೆ ಕತ್ತರಿಸಿದಾಗ ನೀನು ತಲೆ ಚಚ್ಚಿಕೊಂಡೆ. “ಏ ನೀಲ್ಯಾ, ಒಂದ್ ಸೆಕೆಂಡ್ ಹೆಚ್ಚಾದ್ರ ಪೊಲೀಸ್ರು ಹಿಡೀತಾರೇನು? ಸಂಗೀತಗಾರ ಅಲ್ಲಪಾ ನೀ, ತಕ್ಕಡಿ!” ನಾನು ನಕ್ಕೆ. ಕತ್ತರಿಸಿಯೇಬಿಟ್ಟೆ.

ಆ ಮೊದಲ ಕ್ಯಾಸೆಟ್ಟಿನ ಐವತ್ತು ಪ್ರತಿಗಳು ಹೈದರಾಬಾದು, ಪುಣೆ ಎಂದು ಹೊರಟುಹೋದವು. ನಮ್ಮ ಪ್ರತಿಯನ್ನು ನಮ್ಮದೇ ಟೇಪ್‌ರೆಕಾರ್ಡರ್ ಜಗಿದು ಹಾಕಿತು. ಆಮೇಲೆ ಇನ್ನೂ ಎಂಟು ಹೊಸ ಕ್ಯಾಸೆಟ್ಟು ಮಾಡಿದೆವು. ಅಲ್ಲಿಗೆ ಚರಿತ್ರೆ ನಿಂತಿತು, ನನ್ನ ಪೆನ್ನೂ ನಿಂತಿತು.

ಏಕೆಂದರೆ ಮುಂದಿನದು ಮೂರು ವರ್ಷದ ಹಿಂದಿನ ಆ ದಿನ. ಅಬ್ಬಾ ತೀರಿಕೊಂಡು ನಲವತ್ತನೇ ದಿನದ ಊಟ ಮುಗಿದಿತ್ತು. ಕೈ ತೊಳೆಯುತ್ತ ನೀನು ಕೇಳಿದೆ: “ಗಿರಣ್ಯಾಗ ಅಬ್ಬಾ ನಮ್ಮನ್ನ ಚಾಕ್ಕ ಕರದಿದ್ರಲ್ಲ, ಅದು ರೆಕಾರ್ಡ್ ಆಗಿತ್ತು. ಅಸಲು ಫೈಲ್ ಹುಡುಕಿ ಕೊಡು. ಮದುವಿ ವಿಡಿಯೋದಾಗೂ ಅವರು ಫೋಟೋಕ್ಕ ನಿಂತಂಗ ನಿಂತಾರ, ಒಂದ್ ಮಾತಿಲ್ಲ.” ನಾನು “ಹುಡುಕ್ತೀನಿ” ಎಂದೆ. ನೀನು ಕಮಲಾಪುರಕ್ಕೆ ಹೋಗಿ ಮೋಟಾರ್ ವೈಂಡಿಂಗ್ ಅಂಗಡಿ ಇಟ್ಟೆ. ಕೇಳಿದಾಗಲೆಲ್ಲ ನಾನು ಅದೇ ಉತ್ತರ ಕೊಟ್ಟೆ. ಕೊನೆಗೆ ನೀನು ಫೋನ್ ಎತ್ತುವುದನ್ನೇ ಬಿಟ್ಟೆ. ಮಾರ್ಚಿನ ಕಾರ್ಡಿನಲ್ಲಿದ್ದುದು ಒಂದೇ ಮಾತು: “ಸಿಕ್ತೇನು?”

ಹುಡುಕಲು ಏನೂ ಇರಲಿಲ್ಲ, ಕಾಮ್ರಾನ್. ಎರಡನೇ ಕ್ಯಾಸೆಟ್ಟಿಗೆ ಜಾಗ ಸಾಲದೆ ಗಿರಣಿಯ ಅಸಲು ಫೈಲುಗಳನ್ನು, ಜೋಡಿಸಿದ ಹಾಡುಗಳ ಸಮೇತ, ನಾನೇ ಅಳಿಸಿದ್ದೆ. ನೀನು ಕೇಳಿದ ದಿನವೂ ಅದು ನನಗೆ ಗೊತ್ತಿತ್ತು.

ನಿನ್ನ ಕಾರ್ಡು ಬಂದ ವಾರ ಸಾವಿತ್ರಿಬಾಯಿಯವರ ಹತ್ತಿರ ಮೊದಲ ಕ್ಯಾಸೆಟ್ಟಿನ ಒಂದು ಪ್ರತಿ ಇರುವುದು ತಿಳಿಯಿತು. “ನಿಮ್ಮ ಗಿರಣಿ ಹಾಡು ಹಚ್ಚಿದ್ರ ಮೊಮ್ಮಗಳು ಗಪ್ಪನ ಮಲಗ್ತದರಿ. ಒಯ್ರಿ, ಖರೆ ವಾಪಸ್ ತರಬೇಕ್ ನೋಡ್ರಿ. ಇಲ್ಲಂದ್ರ ನೀವೇ ಬಂದು ತೊಟ್ಟಿಲ ತೂಗಬೇಕಾಗ್ತದ” ಎಂದರು. ಅದರ ನಕಲು ಈ ಪತ್ರದ ಜೊತೆಗಿದೆ. ಹೊಟ್ಟಿನ ನಿಮಿಷ ಶುರುವಾಗುತ್ತಲೇ ಅಬ್ಬಾ ಇದ್ದಾರೆ. ನಾಲ್ಕು ಸೆಕೆಂಡು.

ಚರಿತ್ರೆಯ ಉಳಿದ ಭಾಗವನ್ನು ನಾನೊಬ್ಬನೇ ಬರೆಯಲಾರೆ. ಬೈಯುವುದಕ್ಕಾದರೂ ಬಾ. ಅಮ್ಮಿಗೆ ನನ್ನ ನಮಸ್ಕಾರ ಹೇಳು. ನಿನ್ನ ಕೈಯಿಂದ ಹೋದ ಮೋಟಾರುಗಳೆಲ್ಲ ಸುಖವಾಗಿ ತಿರುಗುತ್ತಿರಲಿ.

ನಿನ್ನ
ನೀಲ್ಯಾ

ಮರೆತು ಬಿಟ್ಟದ್ದಲ್ಲ, ಬರೆಯಲಾಗದೆ ಕೊನೆಗೆ ಉಳಿಸಿಕೊಂಡದ್ದು: ಆ ನಾಲ್ಕು ಸೆಕೆಂಡಿನಲ್ಲಿ ಅಬ್ಬಾ “ನೀಲ್ಯಾ, ಬರ್ರೋ, ಚಾ ಆರಾಕತ್ತದ” ಎನ್ನುತ್ತಾರೆ. ನಿನ್ನ ಹೆಸರಿಲ್ಲ. ಅವತ್ತು ಜೋಡಿಸಿದ್ದು ಅರವತ್ತೊಂದು ಸೆಕೆಂಡು ಆಗಿತ್ತು. ನಾನು ಶುರುವಿನ ಒಂದು ಸೆಕೆಂಡನ್ನು ಕತ್ತರಿಸಿದೆ. ನೀನು ಆ ಒಂದರಲ್ಲಿದ್ದೆ. ನಿನ್ನ ತಂದೆ ನನ್ನೊಬ್ಬನನ್ನೇ ಕರೆಯುವುದನ್ನು ನಿನಗೆ ಹೇಗೆ ಕೊಡಲಿ ಎಂದು ಎಂಟು ತಿಂಗಳು ಇಟ್ಟುಕೊಂಡಿದ್ದೆ. ಆದರೆ ನಾನು ಅಲ್ಲಿದ್ದೆ, ಕೇಳಿದ್ದೇನೆ: ಮೊದಲು ಕರೆದದ್ದು ನಿನ್ನನ್ನು. ನೀನು ಮೈಕನ್ನು ನನ್ನ ಕೈಗೆ ಕೊಟ್ಟು ಎದ್ದೆ. ಅವರ ಮಾತಿನ ಹಿಂದೆ, ಗಿರಣಿಯ ಬೆಲ್ಟಿನ ಸದ್ದಿನ ಕೆಳಗೆ, ದೂರವಾಗುವ ಚಪ್ಪಲಿಯ ಸಪ್ಪಳ ಕೇಳಿಸುತ್ತದೆ. ಅದು ನೀನು, ಅವರ ಹತ್ತಿರ ಹೋಗುತ್ತಿರುವುದು.