ಇಲಿಗೆ ಹೆಸರಿಟ್ಟ ದಿನ

ಇಲಿಯಮ್ಮಾ,

ಈ ಪತ್ರವನ್ನು ನಾನು ಕಳಿಸುವುದಿಲ್ಲ, ನೀನು ಓದುವುದೂ ಇಲ್ಲ. ಹಾಗಾಗಿ, ನಿನಗೆ ಸಿಟ್ಟು ಬರಿಸುತ್ತಿದ್ದ ಅಡ್ಡಹೆಸರಿನಿಂದಲೇ ಕರೆಯುತ್ತಿದ್ದೇನೆ.

ಇವತ್ತು ಮ್ಯೂಸಿಯಮ್ಮಿನಲ್ಲಿ, ನೀನು ಇಲ್ಲಿ ಕೆಲಸದಲ್ಲಿದ್ದಾಗ ಗುರುತಿಸಿದ ಆ ಬಿಲದ ಇಲಿಯದೇ ಮಾತು. ಅದು ಬೇರೆಯದೇ ಪ್ರಭೇದ ಎಂದು ಕೊನೆಗೂ ಒಪ್ಪಿದರು. ಇದು ಉಗುರಿನಿಂದಲ್ಲ, ಹಲ್ಲಿನಿಂದ ಅಗೆಯುತ್ತದೆ ಎಂದು ನೀನು ತಲೆಬುರುಡೆ ಹಿಡಿದು ತೋರಿಸಿದಾಗ ಎಲ್ಲರಿಗಿಂತ ಜೋರಾಗಿ ನಕ್ಕವಳು ನಾನು. ಈಗ ಅದನ್ನೇ ಪ್ರಬಂಧವಾಗಿ ಬರೆದವಳೂ ನಾನೇ.

ನಿರ್ದೇಶಕರು ಕೇಳಿದರು: "ಪ್ರಬಂಧ ಬರೆದವರು ಇಲಿಗೆ ತಮ್ಮ ಹೆಸರನ್ನೇ ಇಟ್ಕೊಳ್ಳೋ ಹಾಗಿಲ್ಲ ನೋಡಮ್ಮ. ಇದನ್ನ ಮೊದಲು ಗುರುತಿಸಿದವರು ಯಾರಾದ್ರೂ ಇದ್ರೆ ಹೇಳು, ಅವರ ಹೆಸರೇ ಇಡೋಣ."

ನಿನ್ನ ಹೆಸರು ನಾಲಿಗೆಯ ತುದಿಗೆ ಬಂದಿತ್ತು. ಹೇಳಿದ್ದರೆ, ನೀನು ಯಾಕೆ ಕೆಲಸ ಬಿಟ್ಟೆ ಎಂದು ನಿರ್ದೇಶಕರು ಕೇಳುತ್ತಿದ್ದರು; ನಾನು ನಕ್ಕದ್ದನ್ನೂ ಹೇಳಬೇಕಾಗುತ್ತಿತ್ತು.

"ಯಾರೂ ಇಲ್ಲ ಸರ್. ಮೈಬಣ್ಣ ಚೆನ್ನಾಗಿದೆ, ಕೆಂಚು ಇಲಿ ಅಂತಲೇ ಇಡೋಣ" ಎಂದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನೂ ತಟ್ಟಿದೆ.

ಸಂಜೆ ಅದನ್ನು ಜೀವಂತ ಇಟ್ಟಿರುವ ಗಾಜಿನ ಪೆಟ್ಟಿಗೆಯ ಮುಂದೆ ನಿಂತೆ. ಕಣ್ಣಿನ ಮೇಲೆ ಚರ್ಮ ಮುಚ್ಚಿಕೊಂಡಿರುವ ಆ ಪ್ರಾಣಿ ತನ್ನ ಪಾಡಿಗೆ ಹಲ್ಲಿನಿಂದ ಮಣ್ಣು ಅಗೆಯುತ್ತಿತ್ತು. ಹುಟ್ಟಿದಾಗಿನಿಂದ ಕತ್ತಲಲ್ಲೇ ಬಾಳುವ ಜೀವಕ್ಕೆ ಬಣ್ಣದ ಹೆಸರು ಇಟ್ಟು ಬಂದಿದ್ದೇನೆ ಕಣೇ.