ಕಾಶಿಯಲ್ಲಿ ಬಿಟ್ಟ ಹಣ್ಣು, ಜಪಾನಿನ ಪೈ

ಅಪ್ಪಾ,

ನೀವು ಕಾಶಿಯಲ್ಲಿ ಬಿಟ್ಟು ಬಂದ ಹಣ್ಣನ್ನು ಮೊನ್ನೆ ಭಾನುವಾರ ಓವನ್ನಿನಲ್ಲಿ ಬೇಯಿಸಿದ ಒಂದು ಜಪಾನಿ ಪೈ ಮೇಲೆ ಜೋಡಿಸಿದೆ. ಅಮ್ಮ ತಿನ್ನಲಿ ಎಂದು. ನೀವು ಹೋದ ಮೇಲೆ ಇದು ಎರಡನೆಯ ಬೇಸಿಗೆ. ಅಮ್ಮ ಒಂದು ಹೋಳು ಮಾವಿನಹಣ್ಣನ್ನೂ ಬಾಯಿಗಿಟ್ಟಿಲ್ಲ. ಮೈಸೂರಿನ ವಿಜಯನಗರಕ್ಕೆ ನನ್ನ ಮನೆಗೆ ಬಂದ ಮೇಲೆ ಅವಳ ಊಟ, ಮಾತ್ರೆ, ಸಂಜೆಯ ವಾಕಿಂಗ್ ಎಲ್ಲ ಸರಿಯಾಗಿಯೇ ನಡೆದಿದೆ. ಮಾವು ಮಾತ್ರ ತಟ್ಟೆಯಲ್ಲೇ ಉಳಿಯುತ್ತದೆ. "ನನಗೆ ಬೇಡ ಕಣೆ, ನೀನು ತಿನ್ನು" ಅನ್ನುತ್ತಾಳೆ.

ಕಾಶಿಯ ಆ ಬೆಳಿಗ್ಗೆಯನ್ನು ನಾನು ಅಮ್ಮನ ಬಾಯಲ್ಲಿ ಎಷ್ಟೋ ಸಲ ಕೇಳಿದ್ದೇನೆ. ಕಾಶಿಗೆ ಹೋದವರು ಒಂದು ತರಕಾರಿ, ಒಂದು ಹಣ್ಣು ಬಿಟ್ಟು ಬರಬೇಕಲ್ಲ, ಏನು ಬಿಡುವುದೆಂದು ಟ್ರೈನಿನಲ್ಲೇ ಎಲ್ಲರೂ ಮಾತಾಡಿಕೊಂಡಿದ್ದರಂತೆ: ತರಕಾರಿಯಲ್ಲಿ ಹಾಗಲಕಾಯಿ, ಹಣ್ಣಿನಲ್ಲಿ ಬೇಲ. ಜೀವನಪರ್ಯಂತ ತಿನ್ನದಿದ್ದರೂ ಯಾರಿಗೂ ನಷ್ಟವಿಲ್ಲದವು. ಅಮ್ಮ ಹಾಗೇ ಮಾಡಿದಳು. ನೀವು ಒದ್ದೆ ಪಂಚೆಯಲ್ಲಿ ಮೆಟ್ಟಿಲ ಮೇಲೆ ನಿಂತು "ಮಾವು" ಅಂದುಬಿಟ್ಟಿರಿ. ಅಮ್ಮ ಊರು ತಲುಪುವವರೆಗೂ ಸಿಟ್ಟು ಮಾಡಿಕೊಂಡಿದ್ದಳಂತೆ. "ಇಷ್ಟ ಇಲ್ದಿದ್ದನ್ನ ಬಿಟ್ರೆ ಅದು ಬಿಟ್ಟ ಹಾಗಾ?" ಎಂದು ನೀವು ಕೇಳಿದಿರಂತೆ. ಅದಕ್ಕೆ ಅವಳು, "ಹಾಗಾದ್ರೆ ನನ್ನನ್ನೂ ಅಲ್ಲೇ ಬಿಟ್ಟು ಬರಬೇಕಾಗಿತ್ತು" ಅಂದಳಂತೆ.

ಆಮೇಲೂ ಪ್ರತಿ ಬೇಸಿಗೆಯಲ್ಲಿ ಮನೆಗೆ ಹಣ್ಣು ತಂದವರು ನೀವೇ. ಗಾಡಿಯ ಮುಂದೆ ನಿಂತು ಒಂದೊಂದನ್ನೂ ಎತ್ತಿ ತೊಟ್ಟಿನ ಕಡೆ ಮೂಸುತ್ತಿದ್ದಿರಿ. ಮನೆಗೆ ಬಂದು ಸ್ಟೀಲ್ ತಟ್ಟೆ, ಆ ಸಣ್ಣ ಚಾಕು. ಸಿಪ್ಪೆ ಎಲ್ಲೂ ಹರಿಯದೆ ಉದ್ದಕ್ಕೆ ಇಳಿಯುತ್ತಿತ್ತು. ಮೊದಲ ಹೋಳು ಅಮ್ಮನಿಗೆ, ಚೀಪಲು ವಾಟೆ ನನಗೆ. ನೀವು ಎದ್ದು ಸೋಪು ಹಾಕಿ ಕೈ ತೊಳೆಯುತ್ತಿದ್ದಿರಿ. ಮೂಸುವುದು ತಿಂದ ಹಾಗೆ ಆಗುತ್ತದೆಯೇ ಎಂದು ನಿಮ್ಮನ್ನು ಕೇಳಬೇಕು ಎಂದುಕೊಂಡಿದ್ದೆ. ಯಾಕೋ ಕೇಳಲೇ ಇಲ್ಲ. ಕೇಳಿದ್ದರೆ ಮೂಸುವುದನ್ನೂ ಬಿಡುತ್ತಿದ್ದಿರೇನೋ.

ಹೋದ ವರ್ಷ ನಿಮ್ಮ ತಿಥಿಯ ದಿನ ಎಲೆಗೆ ಏನೇನು ಬಡಿಸಬೇಕು ಎಂಬ ಮಾತು ಬಂತು. ನಾನು ಮಾವಿನಹಣ್ಣು ಅಂದೆ. "ಬಿಟ್ಟ ಹಣ್ಣು ಎಲೆಗೆ ಬೇಡ" ಎಂದು ಅಮ್ಮ ಅಲ್ಲಿಗೇ ಮುಗಿಸಿದಳು. ಆಗ ನನಗೆ ಎಲ್ಲ ಅರ್ಥವಾಯಿತು ಅನ್ನಿಸಿತು. ನಿಮ್ಮ ನೇಮವನ್ನು ಅವಳು ತನ್ನ ಮೇಲೆ ಹಾಕಿಕೊಂಡಿದ್ದಾಳೆ. ಹೀಗೆ ಬೇಗ ಅರ್ಥವಾಗುವುದು ನನ್ನ ಹಳೆಯ ಅಭ್ಯಾಸ, ನಿಮಗೆ ಗೊತ್ತು. ಈ ಸಲ ನಮ್ಮ ಮನೆಯ ಪುರೋಹಿತರಿಗೇ ಫೋನ್ ಮಾಡಿ ಕೇಳಿದೆ. ಅವರು ಎಲ್ಲೋ ಸ್ಕೂಟರ್ ಮೇಲಿದ್ದರು. "ಬಿಟ್ಟಿದ್ದು ಆ ಶರೀರ ಕಣಮ್ಮ, ಅದು ಹೋಯ್ತಲ್ಲ. ಇನ್ನೆಲ್ಲಿ ನೇಮ? ನಿಮ್ಮ ತಾಯಿಯವರಿಗಂತೂ ಮೊದಲಿಂದ್ಲೂ ಇಲ್ಲ. ತಿನ್ನಲಿ ಬುಡಿ" ಅಂದರು. ಹಿಂದೆ ಬಸ್ಸಿನ ಹಾರನ್.

ಆ ಪೈ ಮಾಡುವುದನ್ನು ನಾನು ಕಲಿತದ್ದು ಒಬ್ಬ ಜಪಾನಿ ಹೆಂಗಸಿನ ವಿಡಿಯೋ ನೋಡಿ. ಆಕೆ ಮಾತಾಡುವುದಿಲ್ಲ. ಚಾಕುವಿನ ಸದ್ದು, ಬಟ್ಟಲಿನ ಸದ್ದು, ಅಷ್ಟೇ. ಮೈದಾ ಬೆಣ್ಣೆಯ ಗರಿಗರಿ ಬಟ್ಟಲೊಂದನ್ನು ಬೇಯಿಸಿ, ಆರಿಸಿ, ಒಳಗೆ ತೆಳುವಾಗಿ ಕ್ರೀಮು, ಮೇಲೆ ಬೇಯಿಸದ ತಾಜಾ ಹಣ್ಣು, ಹೂವಿನ ಎಸಳಿನ ಹಾಗೆ. ಹೊಳಪಿಗೆ ಒಂದು ಪದರ ಚೈನಾ ಗ್ರಾಸ್, ಕರಗಿಸಿ ಹಚ್ಚಿದರೆ ಜೆಲ್ಲಿಯ ಹಾಗೆ ಗಟ್ಟಿಯಾಗುವಂಥದ್ದು. ಮೊಟ್ಟೆಯ ಬದಲು ನಾನು ಕಸ್ಟರ್ಡ್ ಪೌಡರ್ ಹಾಕಿದೆ, ಅಮ್ಮನಿಗಾಗಿ. ಸುಮ್ಮನೆ ಹಣ್ಣು ಹೆಚ್ಚಿ ಕೊಡಬಹುದಿತ್ತಲ್ಲ, ಇಷ್ಟೆಲ್ಲ ಯಾಕೆ ಬೇಕಿತ್ತು? ಮಾವು ಮಾವಿನ ಹಾಗೆ ಕಾಣದಿದ್ದರೆ ಅವಳು ತಿಂದಾಳು ಎಂದೇ? ಅಥವಾ ನನಗೆ...

ಮೇ ತಿಂಗಳ ಮೈಸೂರಿನಲ್ಲಿ ಬೆಣ್ಣೆ ಗಟ್ಟಿ ಇರುವುದಿಲ್ಲ. ಹಿಟ್ಟು ಎರಡು ಸಲ ಅಂಟಿತು. ಲಟ್ಟಣಿಗೆಯನ್ನೇ ಫ್ರಿಜ್ಜಿಗೆ ಹಾಕಿದೆ. ಹಾಲು ತೆಗೆಯಲು ಬಂದ ಅಮ್ಮ ಅದನ್ನು ನೋಡಿ ಬಾಗಿಲು ಹಿಡಿದುಕೊಂಡೇ ನಿಂತಳು. "ಇದೇನೇ, ಲಟ್ಟಣಿಗೆನೂ ಹಳಸುತ್ತಾ ನಿಮ್ಮ ಜಪಾನಲ್ಲಿ?" ಚೈನಾ ಗ್ರಾಸ್ ಕರಗಿಸುವಾಗ ಮಾತ್ರ ಪಕ್ಕಕ್ಕೆ ಬಂದು, "ಬೇಗ ಹಚ್ಚು, ಇಲ್ದಿದ್ರೆ ಬಟ್ಟಲಲ್ಲೇ ಕೂತ್ಬುಡುತ್ತೆ" ಅಂದಳು. ಹಣ್ಣು ನಾನು ಸೂಪರ್ ಮಾರ್ಕೆಟ್ಟಿನಲ್ಲಿ ಆರಿಸಿದ್ದೆ. ಗಟ್ಟಿಯಾಗಿದ್ದವು; ಹೋಳುಗಳು ನೀಟಾಗಿ ಬಂದವು. ಮುಗಿದಾಗ ಪೈ ವಿಡಿಯೋದಲ್ಲಿದ್ದ ಹಾಗೇ ಇತ್ತು. ಫೋಟೋ ಕೂಡ ತೆಗೆದುಕೊಂಡೆ.

ಅಮ್ಮನ ಮುಂದೆ ತಟ್ಟೆ ಇಟ್ಟು, "ಪುರೋಹಿತರನ್ನ ಕೇಳಿದೀನಿ, ನೀನು ತಿನ್ನಬಹುದಂತೆ" ಅಂದೆ. ಅವರ ಮಾತನ್ನು ಹಾಗೇ ಒಪ್ಪಿಸಿದೆ. ಅಮ್ಮ ನನ್ನ ಮುಖ ನೋಡಿದಳು.

"ತಿನ್ನಬಾರದು ಅಂತ ನಾನ್ಯಾವಾಗ ಹೇಳಿದೆ?"

"ಮತ್ತೆ ಹೋದ ವರ್ಷದಿಂದ..."

"ಹೋದ ವರ್ಷ ನೀನು ತಂದಿದ್ದು ಹುಳಿ. ಈ ವರ್ಷದ್ದು ಸಪ್ಪೆ. ಹೇಳಿದ್ರೆ ಬೇಜಾರು ಮಾಡ್ಕೋತೀಯ ಅಂತ ಬೇಡ ಅಂದೆ. ಮದುವೆಯಾದಾಗಿಂದ ಒಂದು ಹಣ್ಣು ಆರಿಸಿದವಳಲ್ಲ ನಾನು, ಒಂದು ಸುಲಿದವಳಲ್ಲ. ನನಗೇನು ಗೊತ್ತು, ಯಾವುದು ತಾ ಅಂತ ಹೇಳೋಕೆ?"

ಹೀಗೆ ಹೇಳಿ ಒಂದು ಎಸಳನ್ನು ಎತ್ತಿ ಮೂಸಿ ವಾಪಸ್ ಇಟ್ಟಳು. "ವಾಸನೆನೇ ಇಲ್ಲ. ನಿಮ್ಮಪ್ಪ ಆಗಿದ್ರೆ ಅಲ್ಲೇ ಇಟ್ಟು ಬರ್ತಿದ್ರು." ಅಂಚಿನ ಗರಿಗರಿಯನ್ನು ಮಾತ್ರ ಮುರಿದು ಕಾಫಿಗೆ ಅದ್ದಿಕೊಂಡು ತಿಂದಳು. ಚೆನ್ನಾಗಿದೆ ಅಂದಳು. ನಾನು ಹೋದ ವರ್ಷದಿಂದ ಕಟ್ಟಿಕೊಂಡಿದ್ದ ಅರ್ಥವೆಲ್ಲ ಹುಳಿ, ಸಪ್ಪೆ ಎಂಬ ಎರಡು ಮಾತಿನಲ್ಲಿ ಮುಗಿದಿತ್ತು. ನಗಬೇಕೋ ಬೇಡವೋ ತಿಳಿಯದೆ ಪೈ ತಿಂದೆ. ನಿಜಕ್ಕೂ ಸಪ್ಪೆಯೇ ಇತ್ತು ಅಪ್ಪ.

ಮಾರನೆಯ ಬೆಳಿಗ್ಗೆ ನಮ್ಮ ರಸ್ತೆಗೆ ಮಾವಿನ ಗಾಡಿ ಬಂತು. ಅಮ್ಮ ಚಪ್ಪಲಿ ಮೆಟ್ಟಿ ಹೊರಟಳು. ನಾನು ಗೇಟಿನಲ್ಲೇ ನಿಂತೆ. ಒಂದೊಂದನ್ನೂ ತೊಟ್ಟಿನ ಕಡೆ ಮೂಸಿದಳು, ನಿಮ್ಮ ಹಾಗೇ, ಆದರೆ ನಿಮಗಿಂತ ನಿಧಾನ. "ಅಜ್ಜಿ, ಪೂರಾ ಗಾಡಿ ವಾಸನೆ ನೀವೇ ತಗೊಂಡ್ಬುಟ್ರೆ ಬೇರೆಯವ್ರಿಗೆ ಏನ್ ಮಾರ್ಲಿ?" ಅಂದ ಗಾಡಿಯವನು. "ನೀನು ಹಣ್ಣು ಮಾರಪ್ಪ" ಅಂದಳು ಅಮ್ಮ.

ನಿಮ್ಮ ಚಾಕುವಿನಲ್ಲೇ ಸುಲಿದಳು. ಅರ್ಧ ಹಣ್ಣು ಸಿಪ್ಪೆಯಲ್ಲೇ ಹೋಯಿತು, ರಸ ಮೊಣಕೈವರೆಗೆ ಇಳಿಯಿತು. ನಾನು ಕೈ ಚಾಚಿದರೆ ಕೊಡಲಿಲ್ಲ. ಮೊದಲನೆಯದು ಸ್ವಲ್ಪ ಹುಳಿ. ಅದನ್ನು ಪಕ್ಕಕ್ಕಿಟ್ಟು ಎರಡನೆಯದನ್ನು ತೆಗೆದುಕೊಂಡಳು. ಅದು ಸಿಹಿ ಇತ್ತು. ಒಂದು ಹೋಳು ತಿಂದಳು, ಆಮೇಲೆ ಇನ್ನೊಂದು. ವಾಟೆಯನ್ನು ನನ್ನ ಕಡೆ ತಳ್ಳಿದಳು.

ಜ್ಯೇಷ್ಠದಲ್ಲಿ ನಿಮ್ಮ ತಿಥಿ. ಹಣ್ಣು ಆಗಲೂ ಇರುತ್ತದೆ. ಪೈ ತರುವುದಿಲ್ಲ, ಹೆದರಬೇಡಿ. ಆದರೆ ಈ ಸಲ ಎಲೆಗೆ ಮಾವು ಬರುತ್ತದೆ. ಅಮ್ಮನೇ ಮೂಸಿ ಆರಿಸಿ ತರುತ್ತಾಳಂತೆ. "ಅಪ್ಪ ಒಪ್ತಾರಾ?" ಎಂದು ಕೇಳಿದೆ. ಕೈ ತೊಳೆಯುತ್ತಿದ್ದವಳು ತಿರುಗಿ ನೋಡಲಿಲ್ಲ.

"ಸುಲಿದು ಇಡ್ತೀನಿ. ತಿನ್ನೋದು ಅವರಿಷ್ಟ."